ಕತ್ತಿವರಸೆಯ ಹಿಂದಿನ ಕತ್ತರಿ

ಕಳೆದ ಬೇಸಗೆಯಲ್ಲಿ ನಮ್ಮ ದುಬಲಗುಂಡಿಯ ರೈತರೊಬ್ಬರು ಮಗನನ್ನು ಕರೆದುಕೊಂಡು ನನ್ನ ಮನೆಗೆ ಬಂದರು. ಹುಡುಗ ನನ್ನ ಹಳೆಯ ಶಿಷ್ಯ, ಆಗತಾನೆ ಪಿ.ಯು.ಸಿ. ಮುಗಿಸಿದ್ದ. ತಂದೆ ಕುಳಿತವರೇ ಅಹವಾಲು ಹೇಳಿದರು: "ಸರ್, ಇವ ಸಿನಿಮಾದಾಗ ಕತ್ತರಿ ಹಿಡಿಯೋ ಕೆಲಸ ಕಲೀತೀನಿ ಅಂತಾನ್ರಿ. ಹಾಡೋದಲ್ಲ, ಕುಣಿಯೋದಲ್ಲ, ಪರದೆ ಮ್ಯಾಲ ಮಾರಿನೂ ಕಾಣಂಗಿಲ್ಲ. ಕತ್ತರಸೋದು, ಅಂಟಸೋದು. ಇದೂ ಒಂದು ವಿದ್ಯಾ ಏನ್ರಿ?"

ಈ ಹುಚ್ಚು ಎಲ್ಲಿಂದ ಹತ್ತಿತೆಂದು ಹುಡುಗನನ್ನು ಕೇಳಿದೆ. ಹಾಂಗ್‌ಕಾಂಗಿನ ಹಳೆಯ ಹೊಡೆದಾಟದ ಚಿತ್ರಗಳನ್ನು ಅವನು ಫೋನಿನಲ್ಲಿ ನೋಡುತ್ತಿದ್ದನಂತೆ. "ಹೊಡೆತ ಬೀಳೋ ಜಾಗದಾಗ ನಿಲ್ಲಿಸಿ ನಿಲ್ಲಿಸಿ ನೋಡಿದೆ ಸರ್. ಅಲ್ಲಿ ಹೊಡೆತಾನೇ ಇಲ್ಲ!" ಎಂದ. ತಂದೆ ನನ್ನ ಮುಖ ನೋಡಿದರು. ಆ ದಿನ ನಾನು ಕೊಟ್ಟ ಉತ್ತರ ಅರೆಬರೆಯಾಯಿತು. ಅದರ ಪೂರ್ಣಪಾಠವನ್ನು ವಾಚಕರ ಮುಂದೆ ಇಡಲು ಈ ಲೇಖನ. ತಮ್ಮ ಮನೆಯಲ್ಲಿಯೂ ಇಂಥ ಮಗನೋ ಮಗಳೋ ಇರಬಹುದಷ್ಟೆ.

ಹುಡುಗನ ಮಾತು ಕೇಳಿದಾಗ ನನಗೆ ನೆನಪಾದದ್ದು ಹುಮನಾಬಾದಿನ ವೀರಭದ್ರೇಶ್ವರ ಜಾತ್ರೆ. ನಾನಾಗ ಆರನೆಯ ತರಗತಿಯಲ್ಲಿದ್ದೆ. ಜಾತ್ರೆಗೆ ಡೇರೆ ಸಿನಿಮಾ ಬಂದಿತ್ತು, ರಾಜಮಹಾರಾಜರ ಕಥೆ. ಊರೂರು ತಿರುಗಿ ಸವೆದಿದ್ದ ಫಿಲ್ಮು ಕತ್ತಿಕಾಳಗದ ನಡುವೆಯೇ ಹರಿಯಿತು. ಯಂತ್ರ ನಡೆಸುವಾತ ಹರಿದ ಭಾಗವನ್ನು ತೆಗೆದೆಸೆದು, ತುದಿಗೆ ತುದಿ ಅಂಟಿಸಿ ಮತ್ತೆ ಓಡಿಸಿದ. ಪರದೆಯ ಮೇಲೆ ಖಳನು ಕತ್ತಿಯನ್ನು ಎತ್ತಿದ್ದವನು ಮರುಕ್ಷಣವೇ ನೆಲದ ಮೇಲೆ ಅಂಗಾತ ಬಿದ್ದಿದ್ದ. ನಾಯಕನು ಕತ್ತಿ ಒರೆಸಿಕೊಳ್ಳುತ್ತಿದ್ದ! ಡೇರೆಗೆ ಡೇರೆಯೇ ಬಿದ್ದು ಬಿದ್ದು ನಕ್ಕಿತು.

ಈಗ ವಾಚಕರು ಯೋಚಿಸಬೇಕು. ಆ ಡೇರೆಯಲ್ಲಿಯೂ ಹೊಡೆತವಿರಲಿಲ್ಲ. ನನ್ನ ಶಿಷ್ಯನು ನೋಡಿದ ಚಿತ್ರದಲ್ಲಿಯೂ ಹೊಡೆತವಿರಲಿಲ್ಲ. ಒಂದರಲ್ಲಿ ಜನ ನಕ್ಕರು, ಇನ್ನೊಂದರಲ್ಲಿ ಉಸಿರು ಬಿಗಿಹಿಡಿದರು. ಈ ಎರಡರ ನಡುವಿನ ಅಂತರವೇ ಸಂಕಲನಕಾರನ ವಿದ್ಯೆ.

ಚಲಚ್ಚಿತ್ರವೆಂದರೆ ವಾಸ್ತವವಾಗಿ ಚಲಿಸದ ಚಿತ್ರಗಳ ಸಾಲು. ಸೆಕೆಂಡಿಗೆ ೨೪ ಚಿತ್ರಗಳು. ೩೫ ಮಿಲಿಮೀಟರು ಅಗಲದ ಫಿಲ್ಮಿನಲ್ಲಿ ಒಂದು ಅಡಿಗೆ ೧೬ ಚಿತ್ರಗಳು ಹಿಡಿಯುತ್ತವೆ. ಆದ್ದರಿಂದ ಒಂದು ಸೆಕೆಂಡಿಗೆ ಒಂದೂವರೆ ಅಡಿ, ಅಂದರೆ ನಮ್ಮ ಹೂವಾಡಗಿತ್ತಿಯ ಒಂದು ಮೊಳ! ನಿಮಿಷಕ್ಕೆ ೯೦ ಅಡಿ. ಸಾವಿರ ಅಡಿಯ ಸುರುಳಿಯೊಂದು ಓಡುವುದು ೧೧ ನಿಮಿಷ. ಫಿಲ್ಮಿನ ಕಾಲದಲ್ಲಿ ಸಂಕಲನಕಾರನು ಈ ಮೊಳಗಳನ್ನೂ ಗೇಣುಗಳನ್ನೂ ಮೊಳೆಗಳಿಗೆ ತೂಗುಹಾಕಿಕೊಂಡು, ಬೇಕಾದೆಡೆ ಮೇಣದ ಪೆನ್ಸಿಲಿನಿಂದ ಗುರುತು ಹಾಕಿ, ಕತ್ತರಿಸಿ, ಅಂಟಿಸಿ, ಮೂವಿಯೋಲಾ ಎಂಬ ಯಂತ್ರದ ಪುಟ್ಟ ಗಾಜಿನಲ್ಲಿ ಓಡಿಸಿ ನೋಡುತ್ತಿದ್ದ. ಈ ಯಂತ್ರವು ೧೯೨೪ರಲ್ಲಿ ಅಮೆರಿಕದಲ್ಲಿ ಹುಟ್ಟಿದ್ದು. ಅವನು ಕತ್ತರಿಸುತ್ತಿದ್ದದ್ದು ಪ್ರತಿಯೊಂದನ್ನು ಮಾತ್ರ. ಎಲ್ಲವೂ ಒಪ್ಪಿಗೆಯಾದ ಮೇಲೆ ಅದರಂತೆ ಮೂಲ ನೆಗೆಟಿವನ್ನು ಕತ್ತರಿಸುವರು. ಅಲ್ಲಿ ತಪ್ಪಿದರೆ ಮತ್ತೆ ದಾರಿಯಿಲ್ಲ.

ಇಷ್ಟು ಸಾಮಗ್ರಿಯ ಮಾತಾಯಿತು. ಇನ್ನು ವಿದ್ಯೆಯ ಮಾತು. ನಾನು ಕನ್ನಡ ಪಂಡಿತ. ನನಗೆ ತಿಳಿದ ದಾರಿಯಿಂದಲೇ ಹೋಗುತ್ತೇನೆ. ಎರಡು ಅಕ್ಷರಗಳು ಕಾಲವಿಳಂಬವಿಲ್ಲದೆ ಕೂಡುವುದೇ ಸಂಧಿಯೆಂದು ತಾವೆಲ್ಲ ಶಾಲೆಯಲ್ಲಿ ಬಾಯಿಪಾಠ ಮಾಡಿದ್ದೀರಿ. ಲೋಪ, ಆಗಮ, ಆದೇಶ ಎಂಬ ಮೂರನ್ನೂ ಮರೆತಿರಲಾರಿರಿ. ಸಂಕಲನಕಾರನು ಮಾಡುವುದು ಇದೇ ಸಂಧಿಕಾರ್ಯವನ್ನು.

ಮೊದಲನೆಯದು ಲೋಪ. 'ಊರು' ಮತ್ತು 'ಅಲ್ಲಿ' ಸೇರಿ 'ಊರಲ್ಲಿ' ಆದಾಗ ಒಂದು ಉಕಾರ ಹೋಯಿತು. ಹೋದದ್ದನ್ನು ಯಾರೂ ಕೇಳಲಿಲ್ಲ. ಕತ್ತಿಕಾಳಗದಲ್ಲಿಯೂ ಹಾಗೆಯೇ. ಮೊದಲ ತುಣುಕಿನಲ್ಲಿ ಕತ್ತಿ ಇಳಿಯತೊಡಗುತ್ತದೆ; ಎರಡನೆಯ ತುಣುಕಿನಲ್ಲಿ ಎದುರಾಳಿ ಆಗಲೇ ತತ್ತರಿಸುತ್ತಿದ್ದಾನೆ. ಕತ್ತಿ ತಾಗಬೇಕಾದ ಎರಡು ಮೂರು ಚಿತ್ರಗಳು ಇಲ್ಲ. ಅವನ್ನು ತುಂಬಿಕೊಳ್ಳುವುದು ನೋಡುವವನ ಮನಸ್ಸು. ಆದರೆ ಮನಸ್ಸು ತುಂಬಿಕೊಳ್ಳಬೇಕಾದರೆ ಮೂರು ನಿಯಮಗಳುಂಟು. ಕತ್ತರಿಸುವುದು ಚಲನೆಯ ನಡುವೆ ಆಗಬೇಕು, ನಿಂತ ಮೇಲಲ್ಲ. ಮೊದಲ ತುಣುಕಿನಲ್ಲಿ ಎಡದಿಂದ ಬಲಕ್ಕೆ ಹೊರಟ ವೇಗ ಎರಡನೆಯದರಲ್ಲಿಯೂ ಅದೇ ದಿಕ್ಕಿಗೆ ಹರಿಯಬೇಕು. ಕಣ್ಣು ಪರದೆಯ ಯಾವ ಮೂಲೆಯಲ್ಲಿ ನೆಟ್ಟಿದೆಯೋ ಅಲ್ಲಿಯೇ ಮುಂದಿನ ತುಣುಕಿನ ಮುಖ್ಯ ವಸ್ತು ದೊರೆಯಬೇಕು. ನಮ್ಮ ಡೇರೆಯ ಯಂತ್ರದವನು ಪಾಪ, ಈ ಮೂರನ್ನೂ ಮುರಿದಿದ್ದ. ಕತ್ತಿ ಇನ್ನೂ ಮೇಲೆ ನಿಂತಿತ್ತು. ದೇಹ ಆಗಲೇ ಕೆಳಗೆ ಮಲಗಿತ್ತು. ನಡುವೆ ಸೇತುವೆಯಿಲ್ಲದಾಗ ಮನಸ್ಸು ಹಳ್ಳಕ್ಕೆ ಬಿದ್ದು ನಗುತ್ತದೆ.

ಲೋಪದಲ್ಲಿ ನಿಪುಣನೆಂದರೆ ಕಿಂಗ್ ಹೂ ಎಂಬ ಚೀನೀ ನಿರ್ದೇಶಕ. ೧೯೭೧ರ 'ಎ ಟಚ್ ಆಫ್ ಝೆನ್' ಚಿತ್ರದ ಸಂಕಲನದಲ್ಲಿ ಅವನು ತಾನೇ ಕೈಯಿಟ್ಟವನು. ಅದರ ಬಿದಿರುಮೆಳೆಯ ಕಾಳಗದಲ್ಲಿ ವೀರರು ಬಿದಿರಿನ ನೆತ್ತಿಗೆ ಹಾರಿ ಅಲ್ಲಿಂದ ಶತ್ರುವಿನ ಮೇಲೆ ಎರಗುತ್ತಾರೆ. ಮನುಷ್ಯಮಾತ್ರರು ಹಾಗೆ ಹಾರಲಾರರು. ಕಾಲು ನೆಲ ಬಿಟ್ಟದ್ದು ಒಂದು ತುಣುಕು, ಗಾಳಿಯಲ್ಲಿ ಬಟ್ಟೆ ಬಡಿದದ್ದು ಗೇಣುದ್ದ ಇನ್ನೊಂದು, ಎರಗಿದ್ದು ಮತ್ತೊಂದು. ಹಾರಿದ್ದು ತುಣುಕುಗಳ ನಡುವಿನ ಬಯಲಿನಲ್ಲಿ! ೧೯೭೫ರಲ್ಲಿ ಫ್ರಾನ್ಸಿನ ಕಾನ್ ಚಿತ್ರೋತ್ಸವದಲ್ಲಿ ಇದಕ್ಕೆ ತಾಂತ್ರಿಕ ಶ್ರೇಷ್ಠತೆಯ ಪ್ರಶಸ್ತಿ ಬಂತು.

ಆದರೆ ವ್ಯಾಕರಣದಲ್ಲಿ ಒಂದು ಎಚ್ಚರಿಕೆಯೂ ಇದೆ. ಲೋಪದಿಂದ ಅರ್ಥ ಕೆಡುವಂತಿದ್ದರೆ ಲೋಪ ಮಾಡಬಾರದು. 'ಗುರು' ಎಂಬುದಕ್ಕೆ 'ಅನ್ನು' ಸೇರಿಸುವಾಗ ಉಕಾರವನ್ನು ಬಿಟ್ಟರೆ 'ಗುರನ್ನು' ಎಂದಾಗಿ ಗುರುವೇ ಕೆಡುತ್ತಾನೆ. ಅದಕ್ಕಾಗಿ ವಕಾರವನ್ನು ಕರೆತಂದು 'ಗುರುವನ್ನು' ಎನ್ನುತ್ತೇವೆ. ಇದು ಆಗಮ. ೧೯೭೨ರ 'ವೇ ಆಫ್ ದಿ ಡ್ರ್ಯಾಗನ್' ಚಿತ್ರದಲ್ಲಿ ಬ್ರೂಸ್ ಲೀ ಮತ್ತು ಚಕ್ ನಾರಿಸ್ ರೋಮಿನ ಪುರಾತನ ಕಲೋಸಿಯಂ ರಂಗದಲ್ಲಿ ಕಾದಾಡುತ್ತಾರೆ. ನಡುನಡುವೆ ಅಲ್ಲೊಂದು ಬೆಕ್ಕಿನ ಮರಿ ಕಾಣಿಸಿಕೊಳ್ಳುತ್ತದೆ! ಕಾಳಗಕ್ಕೆ ಅದರಿಂದ ಆಗಬೇಕಾದ್ದೇನೂ ಇಲ್ಲ. ಆದರೂ ಆ ಮರಿ ನೋಡುಗರಿಗೆ ಉಸಿರಾಡಲು ಎಡೆ ಕೊಡುತ್ತದೆ, ಒಂದು ವರಸೆಯಿಂದ ಇನ್ನೊಂದಕ್ಕೆ ದಾಟಿಸುತ್ತದೆ. ಅದು ಆ ದೃಶ್ಯದ ವಕಾರ.

ಮೂರನೆಯದು ಆದೇಶ: ಒಂದರ ಸ್ಥಾನದಲ್ಲಿ ಇನ್ನೊಂದು. 'ಮಳೆಕಾಲ' ಹೋಗಿ 'ಮಳೆಗಾಲ' ಬಂತು; ಅರ್ಥ ಹಾಗೆಯೇ ಉಳಿಯಿತು. ಚಿತ್ರದಲ್ಲಿ ನಾಯಕನು ಕುದುರೆಯೇರುವುದು ಒಂದು ತುಣುಕು, ಕುದುರೆಯಿಂದ ಉರುಳಿ ಬೀಳುವುದು ಸಾಹಸಿಯೊಬ್ಬನ ಇನ್ನೊಂದು ತುಣುಕು. ಇಷ್ಟನ್ನು ಎಲ್ಲರೂ ಒಪ್ಪುತ್ತಾರೆ. ಆದರೆ ಆದೇಶವೂ ಮಿತಿ ಮೀರುವುದುಂಟು. ಬ್ರೂಸ್ ಲೀ ೧೯೭೩ರ ಜುಲೈ ೨೦ರಂದು ತೀರಿಕೊಂಡಾಗ 'ಗೇಮ್ ಆಫ್ ಡೆತ್' ಚಿತ್ರ ಅರ್ಧಕ್ಕೇ ನಿಂತಿತ್ತು. ಬೇರೆಯವರನ್ನು ಅವನಂತೆ ನಿಲ್ಲಿಸಿ, ಹಳೆಯ ತುಣುಕುಗಳನ್ನು ಸೇರಿಸಿ ೧೯೭೮ರಲ್ಲಿ ಅದನ್ನು ಪೂರೈಸಿದರು. ಕಥಾನಾಯಕನ ಅಂತ್ಯಕ್ರಿಯೆ ಬೇಕಾದಾಗ ಬ್ರೂಸ್ ಲೀಯ ನಿಜವಾದ ಅಂತ್ಯಕ್ರಿಯೆಯ ಚಿತ್ರಗಳನ್ನೇ ಅಂಟಿಸಿದರು. ಸಂಧಿ ಕೂಡಿತು, ನಿಜ. ಅರ್ಥ ಉಳಿಯಿತೇ? ಕತ್ತರಿ ಯಾವುದನ್ನು ಬೇಕಾದರೂ ಸೇರಿಸಬಲ್ಲದು. ಸೇರಿಸಬಾರದ್ದು ಯಾವುದೆಂದು ಕತ್ತರಿಗೆ ತಿಳಿಯದು. ಅದು ಕೈಗೆ ತಿಳಿದಿರಬೇಕು. ನನ್ನ ಶಿಷ್ಯನಿಗೆ ನಾನು ಎಲ್ಲಕ್ಕಿಂತ ಒತ್ತಿ ಹೇಳಿದ ಮಾತು ಇದು.

ಕೊನೆಗೆ, ಸಂಧಿಯೇ ಕೂಡದ ಎಡೆಗಳುಂಟು, ಅದನ್ನು ಪ್ರಕೃತಿಭಾವವೆನ್ನುತ್ತೇವೆ. 'ಅಬ್ಬಾ! ಅದೇನು' ಎಂಬಲ್ಲಿ ಎರಡೂ ಪದಗಳು ಬೇರೆಬೇರೆಯಾಗಿಯೇ ನಿಲ್ಲುತ್ತವೆ. ಜಪಾನಿನ ಅಕಿರ ಕುರೊಸಾವಾ ತನ್ನ ಚಿತ್ರಗಳನ್ನು ತಾನೇ ಸಂಕಲಿಸುತ್ತಿದ್ದ ನಿರ್ದೇಶಕ. ೧೯೬೨ರ 'ಸಂಜೂರೊ' ಚಿತ್ರದ ಕೊನೆಯಲ್ಲಿ ಇಬ್ಬರು ಕತ್ತಿಗಾರರು ಎದುರುಬದುರಾಗಿ, ಮಾತಿಲ್ಲದೆ, ಅಲುಗದೆ ನಿಂತೇ ಇರುತ್ತಾರೆ. ನೋಡುವವರ ಎದೆ ಡವಗುಟ್ಟತೊಡಗುತ್ತದೆ. ಆಮೇಲೆ ಒಂದೇ ಬೀಸು, ಎಲ್ಲವೂ ಮುಗಿಯಿತು. ನಡುವೆ ಕತ್ತರಿ ಆಡಲಿಲ್ಲ. ಅದೇ ಕುರೊಸಾವಾ ೧೯೫೪ರ 'ಸೆವೆನ್ ಸಮುರಾಯ್' ಚಿತ್ರದಲ್ಲಿ, ಬೀಳುತ್ತಿರುವ ಕಳ್ಳನನ್ನು ನಿಧಾನಗತಿಯಲ್ಲಿಯೂ ನೋಡುತ್ತಿರುವ ಜನರನ್ನು ಸಹಜಗತಿಯಲ್ಲಿಯೂ ಹೆಣೆದವನು. ಎಲ್ಲಿ ಹೆಣೆಯಬೇಕು, ಎಲ್ಲಿ ಸುಮ್ಮನಿರಬೇಕು ಎಂಬ ವಿವೇಕವೇ ಈ ವಿದ್ಯೆಯ ತಿರುಳು.

ಇಂಥ ವಿದ್ಯೆಯನ್ನು ಜೀವನವನ್ನಾಗಿ ಮಾಡಿಕೊಂಡವರು ಯಾರು? ಹಾಂಗ್‌ಕಾಂಗಿನ ಷಾ ಸೋದರರ ಸಂಸ್ಥೆ ೧೯೬೧ರಲ್ಲಿ ಕ್ಲಿಯರ್ ವಾಟರ್ ಬೇ ಎಂಬಲ್ಲಿ ದೊಡ್ಡ ಸ್ಟುಡಿಯೋ ತೆರೆಯಿತು. ನಟರಿಂದ ಬಡಗಿಗಳವರೆಗೆ ಅಲ್ಲಿ ಸಂಬಳದ ಕೆಲಸ. ಗಿರಣಿಯಿಂದ ಬಟ್ಟೆಯ ಥಾನುಗಳು ಬರುವಂತೆ ಚಿತ್ರಗಳು ಬರುತ್ತಿದ್ದವು. ಅಲ್ಲಿಯ ಸಂಕಲನದ ಕೋಣೆಯಲ್ಲಿ ಕುಳಿತಿದ್ದವನು ಚಿಯಾಂಗ್ ಶಿಂಗ್ ಲುಂಗ್. ೧೯೬೬ರ 'ಕಮ್ ಡ್ರಿಂಕ್ ವಿತ್ ಮಿ', ೧೯೬೭ರ 'ಒನ್ ಆರ್ಮ್ಡ್ ಸೋರ್ಡ್ಸ್‌ಮನ್', ೧೯೭೮ರ 'ದಿ ಥರ್ಟಿ ಸಿಕ್ಸ್ತ್ ಚೇಂಬರ್ ಆಫ್ ಶಾವೊಲಿನ್' ಮೊದಲಾಗಿ ನೂರಾರು ಚಿತ್ರಗಳು ಅವನ ಕೈ ಹಾಯ್ದು ಹೊರಬಂದವು. ಕೊನೆಯದರಲ್ಲಿ ಸನ್ಯಾಸಿ ಶಿಷ್ಯನೊಬ್ಬನು ಚಾಚಿದ ಕೈಗಳಲ್ಲಿ ನೀರಿನ ಕೊಡಗಳನ್ನು ಹೊರಬೇಕು. ತೋಳು ಜೋಲಿದರೆ ಚುಚ್ಚಲೆಂದು ತೋಳಿಗೆ ಚೂರಿ ಕಟ್ಟಿರುತ್ತಾರೆ. ವರ್ಷಗಟ್ಟಲೆಯ ಆ ತಪಸ್ಸನ್ನು ಸಂಕಲನಕಾರನು ಕೆಲವೇ ನಿಮಿಷಗಳಲ್ಲಿ ದಾಟಿಸುತ್ತಾನೆ. ಆದರೂ ನಮ್ಮ ತೋಳು ನೋಯುತ್ತದೆ. ಮಾಸ್ತರನಾದ ನನಗೆ ಈ ಭಾಗದ ಮೇಲೆ ತುಸು ಪಕ್ಷಪಾತವಿದೆಯೆಂದು ಒಪ್ಪಿಕೊಳ್ಳುತ್ತೇನೆ.

ಇನ್ನೊಬ್ಬನು ಗೋಲ್ಡನ್ ಹಾರ್ವೆಸ್ಟ್ ಸಂಸ್ಥೆಯ ಪೀಟರ್ ಚ್ಯೂಂಗ್. ಮೇಲೆ ಹೇಳಿದ ಬೆಕ್ಕಿನ ಮರಿಯ ಕಾಳಗ ಇವನ ಸಂಕಲನ. ಅಲ್ಲಿ ಬ್ರೂಸ್ ಲೀಯ ಕೈಚಳಕ ನಿಜವಾದದ್ದು. ಆದಕಾರಣ ಅದನ್ನು ದೂರದಿಂದ, ಉದ್ದನೆಯ ತುಣುಕುಗಳಲ್ಲಿ ನೋಡಗೊಟ್ಟಿದ್ದಾರೆ. ಮುಂದೆ ಜಾಕಿ ಚಾನ್ ಬಂದ. ೧೯೮೩ರ 'ಪ್ರಾಜೆಕ್ಟ್ ಎ' ಚಿತ್ರದಲ್ಲಿ ಅವನು ಗಡಿಯಾರದ ಗೋಪುರದಿಂದ ಬೀಳುವುದನ್ನು ಒಂದಕ್ಕಿಂತ ಹೆಚ್ಚು ಸಲ ತೋರಿಸುತ್ತಾರೆ. ಇದೂ ಪೀಟರ್ ಚ್ಯೂಂಗ್ ಸಂಕಲಿಸಿದ್ದೇ. ವ್ಯಾಕರಣದಲ್ಲಿ ಇದಕ್ಕೆ ದ್ವಿರುಕ್ತಿ ಎಂದು ಹೆಸರು: ಒತ್ತಿ ಹೇಳಬೇಕಾದುದನ್ನು ಮತ್ತೆ ಹೇಳುವುದು. ಬಿದ್ದವನು ನಿಜವಾಗಿ ಬಿದ್ದನೆಂದು ಸಾಕ್ಷಿ ನುಡಿಯುವ ಕತ್ತರಿ ಇದು. ನಟನ ಕುಂದನ್ನು ಮುಚ್ಚುವುದೂ ಸಂಕಲನವೇ, ನಟನ ಸತ್ಯವನ್ನು ತೆರೆದಿಡುವುದೂ ಸಂಕಲನವೇ ಎಂಬುದಕ್ಕೆ ಇವನ ಬದುಕು ನಿದರ್ಶನ.

ಹಾಗೆಂದು ಎಲ್ಲ ಕೀರ್ತಿಯನ್ನೂ ಸಂಕಲನಕಾರನಿಗೆ ಕೊಡುವುದು ನ್ಯಾಯವಲ್ಲ. ಆ ಕಾಲದ ಹಾಂಗ್‌ಕಾಂಗಿನಲ್ಲಿ ಹೊಡೆದಾಟದ ನಿರ್ದೇಶಕನು ಪ್ರತಿ ವರಸೆಯನ್ನೂ ಬೇಕಾದ ಕೋನದಿಂದ, ಬೇಕಾದಷ್ಟೇ, ತುಂಡುತುಂಡಾಗಿ ಚಿತ್ರಿಸಿಕೊಳ್ಳುತ್ತಿದ್ದ. ಅರ್ಧ ಸಂಕಲನ ಅಲ್ಲಿಯೇ ಆಗಿರುತ್ತಿತ್ತು. ಉಳಿದ ಅರ್ಧದಲ್ಲಿ ಎರಡು ಚಿತ್ರ ಹೆಚ್ಚೋ ಮೂರು ಚಿತ್ರ ಕಡಿಮೆಯೋ ಎಂಬುದು ಸಂಕಲನಕಾರನ ಪಾಲು. ಜೊತೆಗೆ ಆ ಚಿತ್ರಗಳನ್ನು ಬಹುಮಟ್ಟಿಗೆ ಮೂಕವಾಗಿಯೇ ತೆಗೆದು ಮಾತನ್ನೂ ಪೆಟ್ಟಿನ ಸದ್ದನ್ನೂ ಆಮೇಲೆ ಸೇರಿಸುತ್ತಿದ್ದರು. ರೇಡಿಯೋ ನಾಟಕ ಕೇಳುವ ತಮಗೆ ಇದರ ಮಹಿಮೆಯನ್ನು ಹೇಳಬೇಕಾಗಿಲ್ಲ. ಸ್ಟುಡಿಯೋದಲ್ಲಿ ಎರಡು ಕಬ್ಬಿಣದ ಪಟ್ಟಿಗಳು ತಾಗಿದರೆ ತಮ್ಮ ಮನೆಯ ಪಡಸಾಲೆಯಲ್ಲಿ ಕುರುಕ್ಷೇತ್ರ ನಡೆಯುತ್ತದೆ. ಹಿಂದೆ ಆಕಾಶವಾಣಿಯ ಕೋಣೆಗಳಲ್ಲಿಯೂ ಧ್ವನಿಯ ಟೇಪನ್ನು ಬ್ಲೇಡಿನಿಂದ ಓರೆಯಾಗಿ ಕತ್ತರಿಸಿ, ಭಾಷಣಕಾರರ ಕೆಮ್ಮನ್ನು ತೆಗೆದು ಅಂಟಿಸುತ್ತಿದ್ದರು. ಅದೂ ಲೋಪಸಂಧಿಯೇ.

ಇದೆಲ್ಲ ಪರದೇಶದ ಮಾತಾಯಿತೆಂದು ತಾವು ಹೇಳಬಹುದು. ಕನ್ನಡದಲ್ಲಿಯೂ ಇದೆ. ೧೯೭೮ರಲ್ಲಿ ಗಿರೀಶ ಕಾರ್ನಾಡರು 'ಒಂದಾನೊಂದು ಕಾಲದಲ್ಲಿ' ಎಂಬ ಚಿತ್ರವನ್ನು ನಿರ್ದೇಶಿಸಿದರು. ಮಧ್ಯಯುಗದ ಕನ್ನಡ ನಾಡು, ದಾಯಾದಿ ಕಲಹ, ಕೂಲಿಗೆ ಕತ್ತಿ ಹಿಡಿದ ಗಂಡುಗಲಿ ಮತ್ತು ಪೆರ್ಮಾಡಿ ಎಂಬ ಇಬ್ಬರು ವೀರರು. ಕುರೊಸಾವಾನ ಸಮುರಾಯ್ ಚಿತ್ರಗಳಿಗೆ ಸಲ್ಲಿಸಿದ ಗೌರವವಿದು. ಗಂಡುಗಲಿಯಾದವರು ಮುಂಬಯಿಯ ಮರಾಠಿ ರಂಗಭೂಮಿಯಿಂದ ಬಂದ ಶಂಕರನಾಗ್. ಅದು ಅವರ ಮೊದಲ ಚಿತ್ರ. ಪೆರ್ಮಾಡಿಯಾದವರು ಸುಂದರಕೃಷ್ಣ ಅರಸ್. ಛಾಯಾಗ್ರಹಣ ಎ. ಕೆ. ಬೀರ್ ಅವರದು, ಸಂಗೀತ ಭಾಸ್ಕರ ಚಂದಾವರಕರರದು. ಭಾರತದ ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲಿ ಶಂಕರನಾಗರಿಗೆ ಶ್ರೇಷ್ಠನಟ ಪ್ರಶಸ್ತಿ ಬಂತು. ಇಷ್ಟನ್ನು ಸಿನಿಮಾ ಬಲ್ಲವರು ಥಟ್ಟನೆ ಹೇಳುತ್ತಾರೆ. ನಟರಿಬ್ಬರ ಕತ್ತಿಗಳನ್ನು ಒಂದಕ್ಕೊಂದು ತಾಗಿಸಿದ ಸಂಕಲನಕಾರರು ಯಾರೆಂದು ಕೇಳಿ ನೋಡಿ, ಸಭೆ ಮೌನ. ಅವರು ಪಿ. ಭಕ್ತವತ್ಸಲಂ. ರಾಜಕುಮಾರ್ ಅವರ ಅನೇಕ ಚಿತ್ರಗಳ ಸಂಕಲನಕಾರರೂ ಅವರೇ. ನಾವು ಚಪ್ಪಾಳೆ ತಟ್ಟಿದ ಎಷ್ಟೋ ಕ್ಷಣಗಳು ಆ ಕತ್ತರಿಯ ತುದಿಯಲ್ಲಿ ಹುಟ್ಟಿದವು; ಚಪ್ಪಾಳೆ ಮಾತ್ರ ಬೇರೆಡೆಗೆ ಹೋಯಿತು.

ಪೆರ್ಮಾಡಿ ಎಂಬ ಹೆಸರು ಕೇಳಿದಾಗ ನಮ್ಮ ಕಡೆಯವರ ಕಿವಿ ನಿಮಿರಬೇಕು. ಅದು ಕಲ್ಯಾಣದ ಚಾಲುಕ್ಯ ಚಕ್ರವರ್ತಿ ಆರನೆಯ ವಿಕ್ರಮಾದಿತ್ಯನ ಹೆಸರೂ ಹೌದು. ಅವನ ಮಗ ಮೂರನೆಯ ಸೋಮೇಶ್ವರನು ೧೧೨೯ರ ಸುಮಾರಿಗೆ ರಚಿಸಿದ 'ಮಾನಸೋಲ್ಲಾಸ'ದಲ್ಲಿ ಅರಸರ ವಿನೋದಗಳನ್ನು ಎಣಿಸುವಾಗ ಮಲ್ಲವಿನೋದ, ಅಂಕವಿನೋದಗಳೂ ಬರುತ್ತವೆ: ಒಂದು ಕುಸ್ತಿ, ಇನ್ನೊಂದು ಆಯುಧ ಹಿಡಿದವರ ದ್ವಂದ್ವ. ಕಾಳಗವನ್ನು ಕುಳಿತು ನೋಡುವ ಆಸೆ ನಮ್ಮ ಬಸವಕಲ್ಯಾಣದಲ್ಲಿ ಒಂಬತ್ತು ಶತಮಾನಗಳಷ್ಟಾದರೂ ಹಳೆಯದು. ಆದರೆ ಆ ಅಂಕದಲ್ಲಿ ರಕ್ತ ನಿಜವಾಗಿಯೇ ಹರಿಯುತ್ತಿತ್ತು. ಕತ್ತರಿ ಬಂದ ಮೇಲೆ ಯಾರೂ ಸಾಯದೆ ವಿನೋದ ನಡೆಯತೊಡಗಿತು. ಮನುಕುಲಕ್ಕೆ ಇದು ಸಣ್ಣ ಉಪಕಾರವಲ್ಲ.

ನಾಡಿನ ಊರೂರುಗಳಲ್ಲಿರುವ ವೀರಗಲ್ಲುಗಳನ್ನೂ ಒಮ್ಮೆ ನೆನೆಯಿರಿ. ಸಾಮಾನ್ಯವಾಗಿ ಮೂರು ಪಟ್ಟಿಕೆಗಳು. ಕೆಳಗೆ ಹೋರಾಟ, ನಡುವೆ ವೀರನನ್ನು ಕೊಂಡೊಯ್ಯುತ್ತಿರುವ ಅಪ್ಸರೆಯರು, ಮೇಲೆ ಶಿವಸನ್ನಿಧಿ. ವೀರ ಸತ್ತದ್ದು ಎಲ್ಲಿ? ಮೊದಲನೆಯ ಪಟ್ಟಿಕೆಗೂ ಎರಡನೆಯದಕ್ಕೂ ನಡುವಿನ ಗೆರೆಯಲ್ಲಿ! ಸಾವನ್ನು ಕೆತ್ತದೆಯೇ ಸಾವನ್ನು ಹೇಳಿದ ಆ ಶಿಲ್ಪಿಯೂ ತನ್ನ ಹೆಸರನ್ನು ಬಹುಶಃ ಕೆತ್ತಿಕೊಳ್ಳಲಿಲ್ಲ.

ಈಗ ಫಿಲ್ಮಿನ ಕಾಲ ಹಿಂದಾಯಿತು. ಕಂಪ್ಯೂಟರಿನಲ್ಲಿ ನೂರು ಸಲ ಕತ್ತರಿಸಿ ನೂರು ಸಲ ಕೂಡಿಸಬಹುದು, ಗಾಯವಾಗದು. ಈ ಸುಲಭದಿಂದಲೇ ಏನೋ, ಇಂದಿನ ಕೆಲವು ಹೊಡೆದಾಟಗಳಲ್ಲಿ ಯಾರು ಯಾರನ್ನು ಹೊಡೆದರೆಂದೇ ತಿಳಿಯುವುದಿಲ್ಲ. ಸಂಧಿಯ ಮೇಲೆ ಸಂಧಿ ಹೇರಿದರೆ ಪದ ಓದಲು ಬಾರದು.

ಆ ರೈತರಿಗೆ ನಾನು ಹೇಳಿದ್ದು ಇಷ್ಟು: "ವಿದ್ಯೆ ಹೌದು, ಯಜಮಾನರೆ. ೧೯೬೦ರಲ್ಲಿ ಸ್ಥಾಪನೆಯಾದ ಪುಣೆಯ ಚಲಚ್ಚಿತ್ರ ಸಂಸ್ಥೆಯಲ್ಲಿ ಇದನ್ನು ಕ್ರಮವಾಗಿ ಕಲಿಸುತ್ತಾರೆ. ಮೊದಲು ಪದವಿ ಮುಗಿಯಲಿ, ಆಮೇಲೆ ಪ್ರವೇಶ ಪರೀಕ್ಷೆ. ನಮ್ಮ ಕರ್ನಾಟಕದವರೇ ಆದ ಸುರೇಶ್ ಅರಸ್ ಎಂಬವರಿಗೆ ೧೯೯೫ರ 'ಬಾಂಬೆ' ಚಿತ್ರಕ್ಕೆ ಶ್ರೇಷ್ಠ ಸಂಕಲನದ ರಾಷ್ಟ್ರಪ್ರಶಸ್ತಿ ಬಂದಿದೆ. ಆದರೆ ಹೆಸರು ಬೇಕೆಂಬ ಹಂಬಲವಿದ್ದರೆ ಈ ದಾರಿ ಬೇಡ." ಅವರು ತುಸು ಹೊತ್ತು ಸುಮ್ಮನಿದ್ದು, "ಬಾವಿ ತೋಡಿದವನ ಹೆಸರು ಯಾರಿಗೆ ಗೊತ್ತಿರ್ತದ್ರಿ ಸರ್. ನೀರಂತೂ ಕುಡೀತೀವಿ" ಎಂದರು. ನನ್ನ ಪಾಂಡಿತ್ಯಕ್ಕಿಂತ ಆ ಮಾತು ಮೇಲೆನಿಸಿತು. ಹುಡುಗ ಈಗ ಬೀದರಿನ ಕಾಲೇಜಿನಲ್ಲಿದ್ದಾನೆ.

ವಾಚಕರಲ್ಲಿ ನನ್ನದೊಂದು ಬಿನ್ನಹ. ಇನ್ನು ಮುಂದೆ ಚಿತ್ರ ನೋಡುವಾಗ, ಹೆಸರುಗಳು ಓಡುವ ಹೊತ್ತಿನಲ್ಲಿ 'ಸಂಕಲನ' ಎಂಬ ಒಂದು ಸಾಲು ಬರುತ್ತದೆ. ಅದು ಪರದೆಯ ಮೇಲೆ ಇರುವುದು ಎರಡು ಮೂರು ಮೊಳ ಫಿಲ್ಮಿನಷ್ಟು ಕಾಲ. ಅಷ್ಟು ಹೊತ್ತು ಮಾತು ನಿಲ್ಲಿಸಿ, ಆ ಹೆಸರನ್ನು ಓದಿರಿ.